ತೀರಿಕೊಂಡ ಕವಿಗೆ ಪ್ರೋತ್ಸಾಹವೇ?

ಅಮೆರಿಕದ ನ್ಯೂ ಹ್ಯಾಂಪ್‌ಶೈರ್ ಒಂದು ಗುಡ್ಡಗಾಡು ರಾಜ್ಯ. ಕವಿ ರಾಬರ್ಟ್ ಫ್ರಾಸ್ಟ್ ಅದೇ ಹೆಸರಿನ ಸಂಕಲನವನ್ನು 1923ರಲ್ಲಿ ಪ್ರಕಟಿಸಿದರು. 1998ರ ಅಂತ್ಯಕ್ಕೆ ಅದರ ಹಕ್ಕುಸ್ವಾಮ್ಯ ಮುಗಿದು, ಕೃತಿಯು ಊರ ಗೋಮಾಳದಂತೆ ಸರ್ವರ ಸ್ವತ್ತಾಗಬೇಕಿತ್ತು. ಅಲ್ಲಿನವರೇ ಆದ ಎರಿಕ್ ಎಲ್ಡ್ರೆಡ್ ಹಳೆಯ ಪುಸ್ತಕಗಳನ್ನು ಅಂತರ್ಜಾಲದಲ್ಲಿ ಉಚಿತವಾಗಿ ನೀಡುತ್ತಿದ್ದರು, ಇದನ್ನೂ ಸೇರಿಸಬಯಸಿದ್ದರು. ತಂತ್ರಜ್ಞಾನ ತೆರೆದ ಬಾಗಿಲನ್ನು ಶಾಸನ ಮುಚ್ಚಿತು. ಡಿಸ್ನಿ ಮೊದಲಾದ ಕಂಪನಿಗಳ ಒತ್ತಾಯಕ್ಕೆ ಮಣಿದು ಅಮೆರಿಕದ ಸಂಸತ್ತು 1998ರಲ್ಲಿ ಹಕ್ಕುಸ್ವಾಮ್ಯದ ಅವಧಿಯನ್ನು 20 ವರ್ಷ ವಿಸ್ತರಿಸಿತು. ಹಕ್ಕುಸ್ವಾಮ್ಯವಿರುವುದು ಹೊಸ ಸೃಷ್ಟಿಯ ಪ್ರೋತ್ಸಾಹಕ್ಕಾಗಿ. ಆದರೆ ಫ್ರಾಸ್ಟ್ 1963ರಲ್ಲೇ ತೀರಿಕೊಂಡಿದ್ದರು. ಅವರು ಇನ್ನೊಂದು ಪದ್ಯ ಬರೆಯುವಂತಿರಲಿಲ್ಲ.

ಎಲ್ಡ್ರೆಡ್ ಪರವಾಗಿ ಪ್ರಾಧ್ಯಾಪಕ ಲಾರೆನ್ಸ್ ಲೆಸಿಗ್ ಮಂಡಿಸಿದ ವಾದವನ್ನು ಅಲ್ಲಿನ ಸರ್ವೋಚ್ಚ ನ್ಯಾಯಾಲಯ 2003ರಲ್ಲಿ 7-2 ಬಹುಮತದಿಂದ ತಳ್ಳಿಹಾಕಿತು. 2007ರಲ್ಲಿ ಲೆಸಿಗ್ ಹಕ್ಕುಸ್ವಾಮ್ಯದ ವಿಷಯವನ್ನು ಬಿಟ್ಟು, ಸಂಸತ್ತನ್ನೇ ಬಾಗಿಸುವ ಹಣದ ಅಧ್ಯಯನಕ್ಕೆ ತೊಡಗಿದರು. ಬೇರು ಕೊಳೆತಿರುವಾಗ ಎಲೆಗೆ ಮದ್ದು ಹೊಡೆದು ಫಲವೇನು?

ಆ ಸಂಕಲನ ಕಡೆಗೆ 2019ರ ಜನವರಿ 1ರಂದು ಸರ್ವರದಾಯಿತು. ಭಾರತವೂ 1992ರಲ್ಲಿ ಲೇಖಕರ ಮರಣಾನಂತರದ ಅವಧಿಯನ್ನು 50ರಿಂದ 60 ವರ್ಷಕ್ಕೆ ಏರಿಸಿದೆ. ಯಾವುದೇ ಶಾಸನ ಬಂದಾಗ, ಅದನ್ನು ಬೇಡಿದವರು ಯಾರು, ಅದರಿಂದ ಕಳೆದುಕೊಳ್ಳುವವರು ಯಾರು ಎಂದು ರೈತರೂ ವಿದ್ಯಾರ್ಥಿಗಳೂ ಒಟ್ಟಾಗಿ ಕೇಳಲಿ.