ದೋಣಿ ದುರಂತದ ನಂತರ ಮನೆಯವರ ಮುಂದಿರುವ ಎರಡು ದಾರಿಗಳು

(ಮಹಿಳಾ ವಿಭಾಗದ ಮಾಸಿಕ ಸಭೆಯಲ್ಲಿ 2025ರಲ್ಲಿ ಮಾಡಿದ ಭಾಷಣದ ಬರಹ ರೂಪ)



ಮೊದಲಿಗೇ ಹೇಳಿಬಿಡುತ್ತೇನೆ, ನಾನು ವಕೀಲೆಯಲ್ಲ. ಓದಿದ್ದು ಎಂ.ಟೆಕ್., ಮಾಡುವುದು ಸಾಫ್ಟ್‌ವೇರ್ ಕೆಲಸ. ಈ ವರ್ಷದ ನಮ್ಮ ಪಿಕ್ನಿಕ್‌ಗೆ ಎಲಿಫೆಂಟಾ ಆಗಬಹುದೇ ಎಂದು ವಿಚಾರಿಸುವ ಕೆಲಸವನ್ನು ಸಮಿತಿ ನನಗೆ ಒಪ್ಪಿಸಿತ್ತು. ಬೋಟಿನ ಸಮಯ, ಟಿಕೆಟ್ ದರ ವಿಚಾರಿಸಲು ಹೋದವಳು ಕಾನೂನಿನ ಪುಸ್ತಕದ ತನಕ ಹೋದೆ. ಓದಿದ್ದನ್ನು ನಿಮ್ಮ ಮುಂದೆ ಇಡದೆ ಟಿಕೆಟ್ ತೆಗೆಸುವುದು ಸರಿಯಲ್ಲ ಅನಿಸಿತು. ಅದಕ್ಕೇ ಈ ಮಾತು.

2024ರ ಡಿಸೆಂಬರ್ 18 ನಮಗೆಲ್ಲ ನೆನಪಿದೆ. ಗೇಟ್‌ವೇ ಆಫ್ ಇಂಡಿಯಾದಿಂದ ಎಲಿಫೆಂಟಾಕ್ಕೆ ಹೊರಟಿದ್ದ ‘ನೀಲ್ ಕಮಲ್’ ಎಂಬ ಪ್ರಯಾಣಿಕರ ದೋಣಿಗೆ ಸಂಜೆ ನಾಲ್ಕರ ಹೊತ್ತಿಗೆ ನೌಕಾಪಡೆಯ ಸ್ಪೀಡ್ ಬೋಟ್ ಬಂದು ಅಪ್ಪಳಿಸಿತು. ಆ ಬೋಟಿನ ಎಂಜಿನ್ ಪರೀಕ್ಷೆ ನಡೆಯುತ್ತಿತ್ತು, ನಿಯಂತ್ರಣ ತಪ್ಪಿತು ಎಂದು ನೌಕಾಪಡೆ ಹೇಳಿತು. ಎರಡೂ ಕಡೆ ಸೇರಿ 15 ಜನ ತೀರಿಕೊಂಡರು. ಸತ್ತವರಲ್ಲಿ ಮಕ್ಕಳೂ ಇದ್ದರು. ನಮ್ಮಲ್ಲಿ ಅರ್ಧಕ್ಕರ್ಧ ಜನ ಕರಾವಳಿಯವರು. ಕಡವು ದಾಟಿ ಶಾಲೆಗೆ ಹೋದ ಹಿರಿಯರು ಇಲ್ಲಿದ್ದಾರೆ. ನೀರಿನ ಭಯ ನಮಗೆ ಹೊಸದಲ್ಲ. ಆದರೆ ಅವಘಡ ನಡೆದ ಮರುದಿನದಿಂದ ಸತ್ತವರ ಮನೆಯಲ್ಲಿ ಏನು ನಡೆಯುತ್ತದೆ ಎನ್ನುವುದನ್ನು ನಾವು ಕುಳಿತು ಯೋಚಿಸಿದವರಲ್ಲ.

ಆಗ ಮನೆಯವರ ಮುಂದೆ ಎರಡು ದಾರಿಗಳಿರುತ್ತವೆ. ಒಂದು ಕ್ರಿಮಿನಲ್ ಮೊಕದ್ದಮೆ, ಇನ್ನೊಂದು ಸಿವಿಲ್ ದಾವೆ. ಮೊದಲನೆಯದನ್ನು ಸರ್ಕಾರ ನಡೆಸುತ್ತದೆ. ಎರಡನೆಯದನ್ನು ನಾವೇ ತೆರೆಯಬೇಕು. ನಾವು ತೆರೆಯದಿದ್ದರೆ ಅದು ತಾನಾಗಿ ಮುಚ್ಚಿಹೋಗುತ್ತದೆ. ನಾನು ಇವತ್ತು ಹೇಳಬೇಕೆಂದಿರುವುದು ಇಷ್ಟೇ, ಉಳಿದದ್ದೆಲ್ಲ ಇದರ ವಿವರಣೆ.

ಮೊದಲು ಕ್ರಿಮಿನಲ್ ದಾರಿ ನೋಡೋಣ. ನೀಲ್ ಕಮಲ್ ಪ್ರಕರಣದಲ್ಲಿ ಬದುಕುಳಿದ ಪ್ರಯಾಣಿಕರೊಬ್ಬರ ದೂರಿನ ಮೇಲೆ ಕೊಲಾಬಾ ಠಾಣೆಯಲ್ಲಿ ಎಫ್‌ಐಆರ್ ದಾಖಲಾಯಿತು. ಭಾರತೀಯ ನ್ಯಾಯ ಸಂಹಿತೆಯ ಕಲಂ 106(1), ಅಂದರೆ ನಿರ್ಲಕ್ಷ್ಯದಿಂದ ಸಾವಿಗೆ ಕಾರಣವಾಗುವುದು. ಹಳೆಯ ದಂಡ ಸಂಹಿತೆಯ 304ಎ ಕಲಮಿನಲ್ಲಿ ಇದಕ್ಕೆ ಹೆಚ್ಚೆಂದರೆ ಎರಡು ವರ್ಷ ಶಿಕ್ಷೆ ಇತ್ತು. 2024ರ ಜುಲೈ 1ರಿಂದ ಹೊಸ ಸಂಹಿತೆ ಬಂದ ಮೇಲೆ ಐದು ವರ್ಷದವರೆಗೆ ಆಗಿದೆ. ಇನ್ನೊಂದು ಕಲಂ 282, ಅಜಾಗರೂಕತೆಯಿಂದ ಹಡಗು ಅಥವಾ ದೋಣಿ ನಡೆಸುವುದು. ಅದಕ್ಕೆ ಆರು ತಿಂಗಳವರೆಗೆ ಶಿಕ್ಷೆ.

ಇಲ್ಲಿ ನ್ಯಾಯಾಲಯ ಕೇಳುವ ಪ್ರಶ್ನೆ: ಈ ವ್ಯಕ್ತಿ ಅಪರಾಧಿಯೇ? ಸಂಶಯಕ್ಕೆ ಎಡೆಯಿಲ್ಲದಂತೆ ಸಾಬೀತಾಗಬೇಕು. ಸಿವಿಲ್ ನ್ಯಾಯಾಲಯದ ಪ್ರಶ್ನೆ ಬೇರೆ: ಈ ನಷ್ಟಕ್ಕೆ ಯಾರು ಹೊಣೆ, ಎಷ್ಟು ಕೊಡಬೇಕು? ಅಲ್ಲಿ ತಕ್ಕಡಿ ಯಾವ ಕಡೆ ಹೆಚ್ಚು ವಾಲುತ್ತದೆ ಎಂದು ನೋಡಿದರೆ ಸಾಕು. ಆದ್ದರಿಂದ ಕ್ರಿಮಿನಲ್ ಕೇಸು ಮುಗಿಯಲಿ, ಆಮೇಲೆ ನೋಡೋಣ ಎಂದು ಕಾಯಬೇಕಾಗಿಲ್ಲ. ಚಾಲಕ ಖುಲಾಸೆಯಾದ ಮಾತ್ರಕ್ಕೆ ಪರಿಹಾರದ ಹಕ್ಕು ಹೋಗುವುದೂ ಇಲ್ಲ.

ನಮ್ಮ ಕಂಪನಿಗಳಲ್ಲಿ ಸರ್ವರ್ ಕೆಟ್ಟು ನಿಂತರೆ ಆಮೇಲೆ ಒಂದು ಮೀಟಿಂಗ್ ಇರುತ್ತದೆ. ತಪ್ಪು ಬಟನ್ ಒತ್ತಿದವರು ಯಾರು ಎಂದು ಹೆಸರು ಬರೆದು ಅಲ್ಲಿಗೇ ಮುಗಿಸಿದರೆ ಅದೇ ತೊಂದರೆ ಮತ್ತೆ ಬರುತ್ತದೆ. ಒಬ್ಬರು ಒಂದು ಬಟನ್ ಒತ್ತಿದರೆ ಎಲ್ಲವೂ ಬೀಳುವ ಹಾಗೆ ವ್ಯವಸ್ಥೆ ಮಾಡಿದವರು ಯಾರು, ಪರೀಕ್ಷಿಸಿ ಸಹಿ ಹಾಕಿದವರು ಯಾರು ಎಂದು ಕೇಳಬೇಕು. ದೋಣಿ ದುರಂತದಲ್ಲೂ ಚುಕ್ಕಾಣಿ ಹಿಡಿದವನ ಮೇಲೆ ಎಲ್ಲರ ಕಣ್ಣು. ಅವನ ಹಿಂದೆ ಮಾಲೀಕರಿದ್ದಾರೆ, ತಪಾಸಣೆ ಮಾಡಿದ ಅಧಿಕಾರಿ ಇದ್ದಾರೆ, ಜನ ತುಂಬಿಸಿದವರಿದ್ದಾರೆ. ನೀಲ್ ಕಮಲ್‌ನಲ್ಲಿ 84 ಪ್ರಯಾಣಿಕರಿಗೆ ಅನುಮತಿ ಇತ್ತು, ಇದ್ದವರು ಅದಕ್ಕಿಂತ ಹೆಚ್ಚು ಎಂದು ಪತ್ರಿಕೆಗಳು ಬರೆದವು. ಲೈಫ್ ಜಾಕೆಟ್ ಕಡ್ಡಾಯ ಎಂದು ಕಟ್ಟುನಿಟ್ಟಾಗಿದ್ದು ಅವಘಡದ ನಂತರ. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದರು ಅನ್ನುತ್ತಾರಲ್ಲ, ಹಾಗೆ.

ಇದು ನಮ್ಮಲ್ಲಿ ಮಾತ್ರವೇ? ಅಲ್ಲ. ಹಾಂಗ್‌ಕಾಂಗಿನಲ್ಲಿ 2012ರ ಅಕ್ಟೋಬರ್ 1ರ ರಾತ್ರಿ ಪಟಾಕಿ ಪ್ರದರ್ಶನ ನೋಡಲು ಒಂದು ವಿದ್ಯುತ್ ಕಂಪನಿ ತನ್ನ ಸಿಬ್ಬಂದಿಯನ್ನೂ ಅವರ ಮನೆಯವರನ್ನೂ ‘ಲಾಮಾ 4’ ಎಂಬ ದೋಣಿಯಲ್ಲಿ ಕರೆದೊಯ್ದಿತ್ತು. ನಮ್ಮ ಪಿಕ್ನಿಕ್‌ನ ಹಾಗೆಯೇ. ‘ಸೀ ಸ್ಮೂತ್’ ಎಂಬ ಫೆರಿ ಡಿಕ್ಕಿ ಹೊಡೆಯಿತು. 39 ಜನ ಸತ್ತರು, ಅವರಲ್ಲಿ ಎಂಟು ಮಕ್ಕಳು. 2015ರಲ್ಲಿ ಸೀ ಸ್ಮೂತ್‌ನ ಕ್ಯಾಪ್ಟನ್‌ಗೆ ಎಂಟು ವರ್ಷ, ಲಾಮಾ 4ರ ಕ್ಯಾಪ್ಟನ್‌ಗೆ ಒಂಬತ್ತು ತಿಂಗಳು ಜೈಲಾಯಿತು. ಆದರೆ ದೋಣಿ ನಿಮಿಷಗಳಲ್ಲಿ ಮುಳುಗಿದ್ದು ಯಾಕೆ? ನೀರು ಒಂದು ಭಾಗದಿಂದ ಇನ್ನೊಂದಕ್ಕೆ ನುಗ್ಗದಂತೆ ತಡೆಯುವ ಬಾಗಿಲು ಅಲ್ಲಿ ಇರಲೇ ಇಲ್ಲ ಎಂದು ವಿಚಾರಣಾ ಆಯೋಗ ಕಂಡುಕೊಂಡಿತು. ಮಕ್ಕಳ ಅಳತೆಯ ಲೈಫ್ ಜಾಕೆಟ್‌ಗಳೂ ಇರಲಿಲ್ಲ. ಲೈಫ್ ಜಾಕೆಟ್‌ನ ಹೊಸ ನಿಯಮವನ್ನು ಹಳೆಯ ದೋಣಿಗಳಿಗೆ ಅನ್ವಯಿಸದಂತೆ ಕೈಕೆಳಗಿನವರಿಗೆ ಹೇಳಿದ್ದ ಹಿರಿಯ ಅಧಿಕಾರಿ 2016ರಲ್ಲಿ ಜೈಲಿಗೆ ಹೋದರು. ಅಲ್ಲಿಯ ತನಿಖೆ ಚುಕ್ಕಾಣಿಯ ಹತ್ತಿರವೇ ನಿಲ್ಲದೆ ಕಚೇರಿಯ ಮೇಜಿನ ತನಕ ಹೋಯಿತು.

ಎಲ್ಲ ಕಡೆ ಹಾಗಾಗುವುದಿಲ್ಲ. 1989ರ ಆಗಸ್ಟ್ 20ರ ನಸುಕಿನಲ್ಲಿ ಲಂಡನ್ನಿನ ಥೇಮ್ಸ್ ನದಿಯಲ್ಲಿ ಹುಟ್ಟುಹಬ್ಬದ ಪಾರ್ಟಿ ನಡೆಯುತ್ತಿದ್ದ ‘ಮಾರ್ಷನೆಸ್’ ದೋಣಿಗೆ ಮರಳು ತೆಗೆಯುವ ‘ಬೋಬೆಲ್’ ಹಡಗು ಡಿಕ್ಕಿ ಹೊಡೆಯಿತು. 51 ಜನ ಸತ್ತರು. ಬೋಬೆಲ್‌ನ ಕ್ಯಾಪ್ಟನ್ ಮೇಲಿನ ಮೊಕದ್ದಮೆಯಲ್ಲಿ ಎರಡು ಬಾರಿ ಜ್ಯೂರಿಗೆ ಒಮ್ಮತಕ್ಕೆ ಬರಲಾಗಲಿಲ್ಲ, ಆತ ಬಿಡುಗಡೆಯಾದ. 1995ರಲ್ಲಿ ಮರಣ ವಿಚಾರಣೆಯ ಜ್ಯೂರಿ ಇದು ಕಾನೂನುಬಾಹಿರ ಸಾವು ಎಂದಿತು. ಆದರೂ ಆ ಸಾವುಗಳಿಗಾಗಿ ಯಾರಿಗೂ ಶಿಕ್ಷೆಯಾಗಲಿಲ್ಲ. ಪರಿಹಾರವಾದರೂ ದೊಡ್ಡದಿತ್ತೇ? ಸತ್ತವರಲ್ಲಿ ಹೆಚ್ಚಿನವರು ಮದುವೆಯಾಗದ ಹರೆಯದವರು. ಅವರ ಸಂಪಾದನೆಯನ್ನು ನಂಬಿ ಕುಳಿತ ಹೆಂಡತಿ ಮಕ್ಕಳಿಲ್ಲ. ಹಾಗಾಗಿ ಕಾನೂನಿನ ಲೆಕ್ಕದಲ್ಲಿ ನಷ್ಟ ಚಿಕ್ಕದಾಯಿತು. ತಾಯಿಯ ದುಃಖಕ್ಕೆ ಆ ಲೆಕ್ಕದಲ್ಲಿ ದೊಡ್ಡ ಜಾಗ ಇರಲಿಲ್ಲ.

ಇದನ್ನು ಓದಿದಾಗ ನನಗೆ ನಮ್ಮ ಸಭೆಯೇ ಕಣ್ಣ ಮುಂದೆ ಬಂತು. ಸಂಪಾದನೆಯ ಮೇಲೆ ಜೀವದ ಬೆಲೆ ಕಟ್ಟುವುದಾದರೆ ಸಂಬಳದ ಸ್ಲಿಪ್ ಇಲ್ಲದ ಗೃಹಿಣಿಯ ಬೆಲೆ ಎಷ್ಟು? ಬೆಳಿಗ್ಗೆ ಐದಕ್ಕೆ ಎದ್ದು ನಾಲ್ಕು ಡಬ್ಬಿ ಕಟ್ಟಿ, ಅತ್ತೆಗೆ ಮಾತ್ರೆ ಕೊಟ್ಟು, ಮಗುವಿನ ಹೋಮ್‌ವರ್ಕ್ ನೋಡುವ ಅಕ್ಕಂದಿರು ಇಲ್ಲಿ ಎಷ್ಟು ಜನ ಇದ್ದೀರಿ?

ಈ ವಿಷಯದಲ್ಲಿ ನಮ್ಮ ಸುಪ್ರೀಂ ಕೋರ್ಟು ಸ್ವಲ್ಪ ದೂರ ನಡೆದಿದೆ. 1989ರ ಮಾರ್ಚ್ 3ರಂದು ಜಮ್‌ಶೆಡ್‌ಪುರದ ಒಂದು ಸಮಾರಂಭದಲ್ಲಿ ಬೆಂಕಿ ಬಿದ್ದು ಅನೇಕ ಹೆಂಗಸರು, ಮಕ್ಕಳು ಸತ್ತರು. 2001ರ ಲತಾ ವಾಧ್ವಾ ತೀರ್ಪಿನಲ್ಲಿ ಕೋರ್ಟು 34ರಿಂದ 59 ವರ್ಷದ ಗೃಹಿಣಿಯರ ಸೇವೆಯನ್ನು ತಿಂಗಳಿಗೆ 3,000 ರೂಪಾಯಿ ಎಂದು ಲೆಕ್ಕ ಹಾಕಿತು. ಇವತ್ತಿಗೆ ಅದು ಚಿಕ್ಕ ಮೊತ್ತ. ಆದರೆ ಮನೆಗೆಲಸಕ್ಕೂ ಬೆಲೆಯಿದೆ ಎನ್ನುವುದು ಸ್ಥಾಪನೆಯಾಯಿತು. 2021ರ ಜನವರಿಯಲ್ಲಿ ಬಂದ ಕೀರ್ತಿ ಪ್ರಕರಣದ ತೀರ್ಪು ಇದನ್ನು ಇನ್ನೂ ಗಟ್ಟಿ ಮಾಡಿತು. ಅದರಲ್ಲಿ ಸರ್ಕಾರದ 2019ರ ಸಮಯ ಬಳಕೆ ಸಮೀಕ್ಷೆಯ ಉಲ್ಲೇಖವಿದೆ: ಸಂಬಳವಿಲ್ಲದ ಮನೆಗೆಲಸಕ್ಕೆ ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಕೊಡುತ್ತಾರೆ, ಗಂಡಸರು 97 ನಿಮಿಷ. ‘ಅವಳು ಮನೆಯಲ್ಲೇ ಇದ್ದಳು’ ಎಂದು ಯಾರಾದರೂ ಪರಿಹಾರ ಕಡಿಮೆ ಮಾಡಲು ಬಂದರೆ ಈ ಎರಡು ತೀರ್ಪುಗಳ ಹೆಸರು ನೆನಪಿರಲಿ.

ಈಗ ಸಿವಿಲ್ ದಾರಿಯ ಮುಖ್ಯ ತಿರುವುಗಳು. ರಸ್ತೆ ಅಪಘಾತವಾದರೆ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿ ಇದೆ. ಅದು ಸವೆದ ದಾರಿ, ಯಾವ ಊರಿನ ವಕೀಲರಿಗೂ ಗೊತ್ತು. ದೋಣಿಗೆ ಆ ಮಂಡಳಿ ಇಲ್ಲ. ಇಲ್ಲಿ ಮುಖ್ಯವಾದದ್ದು 1855ರ ಫೇಟಲ್ ಆಕ್ಸಿಡೆಂಟ್ಸ್ ಆಕ್ಟ್ ಎಂಬ ಹಳೆಯ ಕಾಯ್ದೆ. ಅದರ ಪ್ರಕಾರ ಹೆಂಡತಿ, ಗಂಡ, ತಂದೆ ತಾಯಿ, ಮಕ್ಕಳ ಪರವಾಗಿ ದಾವೆ ಹೂಡಬಹುದು. ಅಜ್ಜ ಅಜ್ಜಿ, ಮೊಮ್ಮಕ್ಕಳೂ ಇದರಲ್ಲಿ ಬರುತ್ತಾರೆ. ಆದರೆ ಅಣ್ಣನ ಆಸರೆಯಲ್ಲಿರುವ ಮದುವೆಯಾಗದ ತಂಗಿ ಈ ಪಟ್ಟಿಯಲ್ಲಿ ಇಲ್ಲ. ಒಂದೇ ಘಟನೆಗೆ ಒಂದೇ ದಾವೆ, ಆದ್ದರಿಂದ ಮನೆಯವರೆಲ್ಲ ಕೂಡಿಯೇ ಹೋಗಬೇಕು. ಅತ್ತೆ ಒಂದು ಕಡೆ, ಸೊಸೆ ಒಂದು ಕಡೆ ನಿಂತರೆ ಇಬ್ಬರಿಗೂ ನಷ್ಟ.

ಎಲ್ಲಕ್ಕಿಂತ ದೊಡ್ಡದು ಕಾಲಮಿತಿ. ಈ ದಾವೆಗೆ ಸಾವಿನ ದಿನದಿಂದ ಎರಡೇ ವರ್ಷ. ವರ್ಷಾಂತಿಕ, ಮಕ್ಕಳ ಶಾಲೆ, ಬ್ಯಾಂಕಿನ ಓಡಾಟ ಇದರಲ್ಲೇ ಎರಡು ವರ್ಷ ಕಳೆದುಹೋಗುತ್ತದೆ. ಎದುರಾಳಿ ಸರ್ಕಾರವಾದರೆ ಸಾಮಾನ್ಯವಾಗಿ ದಾವೆಗೆ ಎರಡು ತಿಂಗಳು ಮೊದಲು ನೋಟಿಸು ಕೊಡಬೇಕು. ನೀಲ್ ಕಮಲ್‌ನಲ್ಲಿ ತೀರಿಕೊಂಡವರ ಮನೆಯವರಿಗೆ 2026ರ ಡಿಸೆಂಬರ್ ಬರುವ ಮೊದಲೇ ವಕೀಲರನ್ನು ಕಾಣಬೇಕಾದ ತುರ್ತು ಇದೆ. ನಿಮ್ಮ ಪರಿಚಯದವರು ಅಂಥವರು ಇದ್ದರೆ ದಯವಿಟ್ಟು ಈ ಒಂದು ಮಾತು ತಲುಪಿಸಿ.

‘ಸರ್ಕಾರ ಹಣ ಕೊಟ್ಟಿತಲ್ಲ’ ಎಂದು ಕೆಲವರು ಕೇಳುತ್ತಾರೆ. ಮುಖ್ಯಮಂತ್ರಿಗಳು ಮೃತರ ಕುಟುಂಬಕ್ಕೆ 5 ಲಕ್ಷ, ಪ್ರಧಾನಿಯವರ ಪರಿಹಾರ ನಿಧಿಯಿಂದ 2 ಲಕ್ಷ ಘೋಷಿಸಿದ್ದರು. ಅದು ಸಹಾಯ, ಕಷ್ಟಕಾಲದಲ್ಲಿ ಬೇಕಾದದ್ದು. ಆದರೆ ಅದು ಯಾರ ತಪ್ಪನ್ನೂ ತೀರ್ಮಾನಿಸುವುದಿಲ್ಲ, ದಾವೆ ಹೂಡುವ ಹಕ್ಕನ್ನೂ ಕಿತ್ತುಕೊಳ್ಳುವುದಿಲ್ಲ. ಎಚ್ಚರ ಬೇಕಾದದ್ದು ಮಾಲೀಕರೋ ವಿಮೆಯವರೋ ತಂದ ಕಾಗದಕ್ಕೆ. ‘ಇನ್ನು ಏನೂ ಕೇಳುವುದಿಲ್ಲ’ ಎಂದು ಬರೆದಿದ್ದರೆ ವಕೀಲರಿಗೆ ತೋರಿಸದೆ ಸಹಿ ಬೇಡ. ಹದಿಮೂರನೇ ದಿನ ಕಳೆಯುವ ಮೊದಲು ಯಾವ ಕಾಗದಕ್ಕೂ ಸಹಿ ಹಾಕುವುದಿಲ್ಲ ಎಂದು ಹೇಳಿದರೆ ಯಾರೂ ತಪ್ಪು ತಿಳಿಯುವುದಿಲ್ಲ.

ವಕೀಲರ ಫೀಸು ಎಲ್ಲಿಂದ ತರುವುದು? 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಪ್ರಕಾರ ಹೆಂಗಸರಿಗೆ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವು ಪಡೆಯುವ ಹಕ್ಕಿದೆ. ಸಹಾಯವಾಣಿ 15100. ನಮ್ಮ ಕೆಲಸಕ್ಕೆ ಬರುವ ಬಾಯಿಗೂ ಈ ನಂಬರು ಬರೆದು ಕೊಡಿ.

ಕಾಗದಪತ್ರಗಳ ಬಗ್ಗೆ ಎರಡು ಮಾತು. ಎಫ್‌ಐಆರ್ ಪ್ರತಿ ಸಂತ್ರಸ್ತರಿಗೆ ಉಚಿತವಾಗಿ ಸಿಗಬೇಕು. ತನಿಖೆ ಎಲ್ಲಿಗೆ ಬಂತು ಎಂದು ಪೊಲೀಸರು 90 ದಿನಗಳೊಳಗೆ ತಿಳಿಸಬೇಕು ಎಂದು ಹೊಸ ನಾಗರಿಕ ಸುರಕ್ಷಾ ಸಂಹಿತೆ ಹೇಳುತ್ತದೆ. ಮರಣೋತ್ತರ ಪರೀಕ್ಷೆಯ ವರದಿ, ಆಸ್ಪತ್ರೆ ಬಿಲ್ಲು, ಟಿಕೆಟ್ ಅಥವಾ ಅದಕ್ಕೆ ಹಣ ಕಟ್ಟಿದ ಮೊಬೈಲ್ ಸಂದೇಶ, ಆ ದಿನದ ಫೋಟೋ ವಿಡಿಯೋ, ಎಲ್ಲವನ್ನೂ ಒಂದು ಕಡೆ ಇಡಿ. ಫೋನು ಕೆಟ್ಟರೂ ಹೋಗದ ಹಾಗೆ ಇನ್ನೊಂದು ಕಡೆಯೂ ಇಡಿ. ಇದು ನನ್ನ ಕೆಲಸದ ಬುದ್ಧಿ.

ಹಾಗಾದರೆ ಪಿಕ್ನಿಕ್ ಬೇಡವೇ? ಬೇಕು. ಕಲ್ಲಿನಲ್ಲಿ ಅರಳಿದ ಆ ತ್ರಿಮೂರ್ತಿಯನ್ನು ನೋಡದೆ ಮುಂಬಯಿಯಲ್ಲಿ ಬಾಳುವುದೇ? ನನ್ನ ಸಲಹೆ ನಾಲ್ಕು. ಹತ್ತುವ ಮೊದಲು ಎಷ್ಟು ಜನರಿಗೆ ಅನುಮತಿ ಎಂದು ಕೇಳೋಣ, ಮೀರಿದ್ದರೆ ಮುಂದಿನ ಬೋಟಿಗೆ ಕಾಯೋಣ. ಮಕ್ಕಳ ಅಳತೆಯ ಲೈಫ್ ಜಾಕೆಟ್ ಕಣ್ಣಾರೆ ಕಂಡ ಮೇಲೆಯೇ ಹತ್ತೋಣ. ರೇಷ್ಮೆ ಸೀರೆ ಮುದುಡುತ್ತದೆ ಎಂದು ಯಾವ ಅಕ್ಕನೂ ಜಾಕೆಟ್ ತೆಗೆಯಬಾರದು. ಹೊರಟವರ ಹೆಸರು, ಮನೆಯವರ ಫೋನ್ ನಂಬರು ಇರುವ ಪಟ್ಟಿ ದಡದಲ್ಲಿರುವ ಒಬ್ಬರ ಕೈಯಲ್ಲಿ ಇರಲಿ. ಇದಕ್ಕೆ ಸಭೆಯ ಒಪ್ಪಿಗೆ ಸಿಕ್ಕ ಮೇಲೆಯೇ ನಾನು ಟಿಕೆಟ್ ತೆಗೆಸುತ್ತೇನೆ.

ತಪ್ಪು ಮಾಡಿದವರಿಗೆ ಶಿಕ್ಷೆ ಕೊಡಿಸುವುದು ಸರ್ಕಾರದ ಕೆಲಸ. ಉಳಿದವರ ಬದುಕು ನಿಲ್ಲುವಂತೆ ಹಕ್ಕು ಕೇಳುವುದು ಮನೆಯವರ ಕೆಲಸ. ಹೆಚ್ಚಿನ ಸಲ ಆ ಮನೆಯವರು ಎಂದರೆ ಹೆಂಗಸರೇ. ಅವರಿಗೆ ದಾರಿ ಗೊತ್ತಿರಲಿ, ಜೊತೆಗೆ ನಾಲ್ಕು ಹೆಜ್ಜೆ ನಡೆಯಲು ನಾವು ಇರೋಣ.