ಬಿಭಾ ಚೌಧುರಿ: ನಕ್ಷತ್ರಕ್ಕೆ ಹೆಸರಾದವರು, ನಮಗೆ ಗೊತ್ತಿಲ್ಲದವರು

ಕೆಜಿಎಫ್ ಅಂದ್ರೆ ನಮಗೆಲ್ಲ ಮೊದಲು ನೆನಪಾಗೋದು ಯಶ್ ಸಿನಿಮಾ. ಆದ್ರೆ ಕೋಲಾರದ ಅದೇ ಚಿನ್ನದ ಗಣಿಯಲ್ಲಿ, ನೆಲದಿಂದ ಎರಡು ಕಿಲೋಮೀಟರಿಗೂ ಹೆಚ್ಚು ಆಳದಲ್ಲಿ, ವಿಜ್ಞಾನಿಗಳು ಆಕಾಶದ ಸುದ್ದಿಗಾಗಿ ಕಾಯ್ತಾ ಇದ್ರು. ಬಾಹ್ಯಾಕಾಶದಿಂದ ಬರುವ ಕಾಸ್ಮಿಕ್ ಕಿರಣಗಳು ವಾತಾವರಣಕ್ಕೆ ಬಡಿದಾಗ ನ್ಯೂಟ್ರಿನೊ ಎಂಬ ಕಣಗಳೂ ಹುಟ್ಟುತ್ತವೆ. ಮೇಲಿನ ಬಂಡೆ ಬೇರೆ ಕಣಗಳನ್ನು ಬಹುತೇಕ ತಡೆಯುತ್ತೆ, ನ್ಯೂಟ್ರಿನೊ ಮಾತ್ರ ಆರಾಮಾಗಿ ದಾಟಿ ಬರುತ್ತೆ. 1965ರಲ್ಲಿ ಅವುಗಳ ಗುರುತು ಇಲ್ಲಿ ಸಿಕ್ಕಿತು.

ಈ ಗಣಿಯ ಪ್ರಯೋಗಗಳಲ್ಲಿ ತೊಡಗಿಕೊಂಡಿದ್ದವರಲ್ಲಿ ಒಬ್ಬರು ಬಿಭಾ ಚೌಧುರಿ. ಹುಟ್ಟಿದ್ದು 1913ರಲ್ಲಿ, ಕಲ್ಕತ್ತದಲ್ಲಿ. ಅಲ್ಲಿನ ಬೋಸ್ ಸಂಸ್ಥೆಯಲ್ಲಿ ಡಿ. ಎಂ. ಬೋಸ್ ಜೊತೆ ಸೇರಿ ಡಾರ್ಜಿಲಿಂಗ್ ಬೆಟ್ಟಗಳ ಮೇಲೆ ಫೋಟೋ ಪ್ಲೇಟ್ ಇಟ್ಟರು. ಕಾಸ್ಮಿಕ್ ಕಿರಣ ಅದರಲ್ಲಿ ಬಿಟ್ಟ ಗೆರೆಗಳನ್ನು ಮೈಕ್ರೋಸ್ಕೋಪಿನಲ್ಲಿ ಅಳೆದರು. ಎಲೆಕ್ಟ್ರಾನಿಗಿಂತ ಸುಮಾರು 200 ಪಟ್ಟು ಭಾರದ ಕಣ ಕಂಡಿತು. 'ನೇಚರ್' ಪತ್ರಿಕೆಯಲ್ಲಿ ಪ್ರಕಟವೂ ಆಯಿತು. ಅಷ್ಟರಲ್ಲಿ ಎರಡನೇ ಮಹಾಯುದ್ಧ. ಒಳ್ಳೆಯ ಪ್ಲೇಟ್ ಸಿಗಲಿಲ್ಲ, ಕೆಲಸ ನಿಂತಿತು.

1947ರಲ್ಲಿ ಇಂಗ್ಲೆಂಡಿನ ಸೆಸಿಲ್ ಪೊವೆಲ್ ತಂಡ ಇದೇ ವಿಧಾನದಲ್ಲಿ, ಇನ್ನೂ ಸೂಕ್ಷ್ಮವಾದ ಪ್ಲೇಟ್ ಬಳಸಿ ಪಯಾನ್ ಕಣ ಕಂಡುಹಿಡಿಯಿತು. 1950ರಲ್ಲಿ ಪೊವೆಲ್‌ಗೆ ನೊಬೆಲ್ ಬಂತು. ಇದು ಕದ್ದ ಕಥೆ ಅಲ್ಲ, ಕಲ್ಕತ್ತದ ಕೆಲಸವನ್ನು ಪೊವೆಲ್ ಅವರೇ ಸ್ಮರಿಸಿದ್ದಾರೆ. ಬಿಭಾಗೆ ಕಮ್ಮಿ ಇದ್ದದ್ದು ಬುದ್ಧಿ ಅಲ್ಲ, ಪ್ಲೇಟು. ಇನ್ನೊಂದು ವಿಷಯ: ಪೊವೆಲ್ ಲ್ಯಾಬಿನಲ್ಲೂ ಆ ಗೆರೆಯನ್ನು ಮೊದಲು ಗುರುತಿಸಿದ್ದು ಮರಿಯೆಟ್ಟಾ ಕುರ್ಜ್ ಎಂಬ ಹೆಣ್ಣುಮಗಳು. ಈ ಹೆಸರನ್ನಾದರೂ ಕೇಳಿದ್ದೀರಾ?

ಬಿಭಾ ಮ್ಯಾಂಚೆಸ್ಟರಿನಲ್ಲಿ ಪಿಎಚ್‌ಡಿ ಮಾಡಿದರು. ಮುಂಬೈನ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ಮೊದಲ ಮಹಿಳಾ ಸಂಶೋಧಕಿ ಅವರೇ. ಆದರೂ ದೇಶದ ದೊಡ್ಡ ವಿಜ್ಞಾನ ಅಕಾಡೆಮಿಗಳು ಅವರನ್ನು ಫೆಲೋ ಮಾಡಿಕೊಳ್ಳಲಿಲ್ಲ. ನನಗೆ ಬೇಜಾರಾಗೋದು ಇಲ್ಲೇ. ಪ್ಲೇಟ್ ಸಿಗದಿದ್ದದ್ದಕ್ಕೆ ಯುದ್ಧ ಕಾರಣ, ಮನ್ನಣೆ ಸಿಗದಿದ್ದದ್ದಕ್ಕೆ ಯಾವ ಯುದ್ಧ ಕಾರಣ? 1991ರಲ್ಲಿ ತೀರಿಕೊಂಡರು.

2019ರಲ್ಲಿ ಅಂತರರಾಷ್ಟ್ರೀಯ ಖಗೋಳ ಒಕ್ಕೂಟ ಒಂದು ನಕ್ಷತ್ರಕ್ಕೆ 'ಬಿಭಾ' ಅಂತ ಹೆಸರಿಟ್ಟಿತು. ಅದನ್ನು ಸುತ್ತುವ ಗ್ರಹದ ಹೆಸರು 'ಸಂತಮಸ'. ಬಿಭಾ ಅಂದ್ರೆ ನಮ್ಮ 'ವಿಭಾ', ಬೆಳಕು.

ಹೊಸದುರ್ಗ ತಾಲ್ಲೂಕಿನ ನಮ್ಮ ಹಾಲುರಾಮೇಶ್ವರದಂಥ ಊರಲ್ಲಿದ್ರೆ ಏಪ್ರಿಲ್ ರಾತ್ರಿ ಎಂಟೂವರೆಗೆ ಹೊರಗೆ ಬನ್ನಿ. ನೆತ್ತಿಯ ಹತ್ತಿರ ಸಿಂಹರಾಶಿಯ ಮಘಾ ಕಾಣುತ್ತೆ. ಕೈ ಚಾಚಿ ಮುಷ್ಟಿ ಹಿಡಿದರೆ, ಅಲ್ಲಿಂದ ದಕ್ಷಿಣಕ್ಕೆ ಸುಮಾರು ಒಂದೂವರೆ ಮುಷ್ಟಿ ದೂರದಲ್ಲಿ ಬಿಭಾ ಇದೆ. ಬರಿಗಣ್ಣಿಗೆ ಕಾಣಲ್ಲ, ಚಿಕ್ಕ ಟೆಲಿಸ್ಕೋಪ್ ಬೇಕು. ಪಕ್ಕದಲ್ಲಿ ತಂಗಿಯೋ ಗೆಳತಿಯೋ ಇದ್ರೆ ಆ ಕಡೆ ಕೈ ಮಾಡಿ, ಹೆಸರು ಹೇಳಿ.