ಓಗೊಟ್ಟವರು 68 ಮಂದಿ

ತಂತಮ್ಮ ವೃತ್ತಿಗಳ ನಡುವೆ, ಬಿಡುವಿನ ವೇಳೆಯಲ್ಲಿ ಕವಾಯತು ಮಾಡುವ ಕಾಲಾಳುಪಡೆಯೊಂದರ ಕಥೆಯನ್ನು ಕೇಳಿ. ಅದು ಅಟ್ಲಾಂಟಿಕ್ ಸಾಗರದ ನ್ಯೂಫೌಂಡ್‌ಲ್ಯಾಂಡ್ ದ್ವೀಪದ ಪಡೆ.

1914ರಲ್ಲಿ ಮಹಾಯುದ್ಧ ಆರಂಭವಾದಾಗ ಆ ದ್ವೀಪಕ್ಕೆ ಭೂಸೈನ್ಯವೇ ಇರಲಿಲ್ಲ. ಬೆಸ್ತರು, ಮರ ಕಡಿಯುವವರು, ಗುಮಾಸ್ತರು ತಾವಾಗಿ ಮುಂದೆ ಬಂದರು. ಖಾಕಿ ಬಟ್ಟೆ ದೊರೆಯದೆ, ಮೊದಲ ತಂಡದ ಸುಮಾರು 500 ಮಂದಿ ಕಾಲಿಗೆ ನೀಲಿಪಟ್ಟಿ ಸುತ್ತಿಕೊಂಡೇ ಹಡಗನ್ನೇರಿದರು.

1916ರ ಜುಲೈ 1ರಂದು, ಫ್ರಾನ್ಸಿನ ಬೋಮಾಂಟ್-ಹಾಮೆಲ್ ಎಂಬಲ್ಲಿ ಆ ಪಡೆಯ ಸುಮಾರು 800 ಮಂದಿ ಹಗಲು ಬೆಳಕಿನಲ್ಲಿ, ಬಯಲಿನಲ್ಲಿ, ಶತ್ರುವಿನ ಗುಂಡಿಗೆ ಎದುರಾಗಿ ನಡೆದರು. ಅರ್ಧ ಗಂಟೆಯಲ್ಲಿ ಎಲ್ಲವೂ ಮುಗಿಯಿತು. ಮರುದಿನ ಹೆಸರು ಕರೆದಾಗ ಓಗೊಟ್ಟವರು 68 ಮಂದಿ ಮಾತ್ರ. ಉಳಿದವರಲ್ಲಿ ಕೆಲವರು ಸತ್ತಿದ್ದರು, ಕೆಲವರು ಗಾಯಗೊಂಡಿದ್ದರು, ಕೆಲವರ ಸುಳಿವೇ ಇರಲಿಲ್ಲ. ದಿನವೂ ಹಾಜರಿ ಕೂಗುವ ಉಪಾಧ್ಯಾಯನಾದ ನನಗೆ ಆ ಮೌನದ ಭಾರವನ್ನು ಊಹಿಸಲೂ ಅಂಜಿಕೆ.

1917ರಲ್ಲಿ ಪಡೆಗೆ ‘ರಾಯಲ್’ ಎಂಬ ಬಿರುದು ಬಂದಿತು. 1919ರಲ್ಲಿ ಅದನ್ನು ವಿಸರ್ಜಿಸಿದರು. 1949ರಲ್ಲಿ ದ್ವೀಪವು ಕೆನಡಾವನ್ನು ಸೇರಿದಾಗ ಅದು ಬಿಡುವಿನ ವೇಳೆಯ ಪಡೆಯಾಗಿ ಮರಳಿ ಹುಟ್ಟಿತು.

ಜುಲೈ 1 ಕೆನಡಾದ ರಾಷ್ಟ್ರೀಯ ಹಬ್ಬವೂ ಹೌದು. ಆ ದಿನ ಬೆಳಿಗ್ಗೆ ದ್ವೀಪದವರು ‘ಮರೆಯದಿರು’ ಎಂಬ ಹೆಸರಿನ ಪುಟ್ಟ ನೀಲಿ ಹೂವನ್ನು ಎದೆಗೆ ಸಿಕ್ಕಿಸಿಕೊಂಡು ಮಡಿದವರನ್ನು ನೆನೆಯುತ್ತಾರೆ, ಹಬ್ಬವೇನಿದ್ದರೂ ಆಮೇಲೆ. 2024ರ ಅದೇ ದಿನ, ಫ್ರಾನ್ಸಿನಿಂದ ತಂದ ಹೆಸರರಿಯದ ಯೋಧನೊಬ್ಬನ ಅಸ್ಥಿಯನ್ನು ರಾಜಧಾನಿ ಸೇಂಟ್ ಜಾನ್ಸ್‌ನಲ್ಲಿ ಸಮಾಧಿ ಮಾಡಿದರು. ಮರಳಿ ಬಾರದವರಲ್ಲಿ ಒಬ್ಬನಾದರೂ ಮನೆಗೆ ಬಂದನು.